ಸೀಳಿ ಹಂಚಿದ ಕಾದಂಬರಿ

ಓದು ಎಂದರೆ ಮೇಜು, ಕುರ್ಚಿ, ನಿಶ್ಶಬ್ದ ಎಂದುಕೊಂಡವರು ನಮ್ಮ ನಂದಗುಡಿ ಕಡೆ ಬರಬೇಕು. ಇಲ್ಲಿ ಪುಸ್ತಕ ಬಿಚ್ಚಿದಲ್ಲೆಲ್ಲ ಒಂದು ರಗಳೆ ಏಳುತ್ತದೆ.

ಗಾಜಿನ ಬೀರು

ನಾನು ಏಳನೇ ಕ್ಲಾಸಿಗೇ ಶಾಲೆ ಬಿಟ್ಟವನು. ನಮ್ಮೂರ ಗ್ರಂಥಾಲಯದಲ್ಲಿ ದಪ್ಪ ರಟ್ಟಿನ ಪುಸ್ತಕಗಳೆಲ್ಲ ಗಾಜಿನ ಬೀರುವಿನೊಳಗೆ, ಬೀರುವಿಗೆ ಬೀಗ. ಕೇಳಿದರೆ, "ಕೊಟ್ರೆ ಹಾಳಾಗ್ತವೆ ಕಣಪ್ಪಾ" ಎನ್ನುತ್ತಿದ್ದರು ಗ್ರಂಥಪಾಲಕರು. ಒಂದು ದಿನ ಜಗಳ ಮಾಡಿ ಬೀಗ ತೆಗೆಸಿದೆ. ಕೈಗೆ ಬಂದದ್ದು ಬರೀ ರಟ್ಟು. ಒಳಗಿನದನ್ನೆಲ್ಲ ಗೆದ್ದಲು ಮುಗಿಸಿತ್ತು.

"ಗೆದ್ದಲಿಗೆ ಮೆಂಬರ್‌ಶಿಪ್ ಇತ್ತಾ ಸಾರ್?" ಎಂದೆ.

ನನಗೆ ಓದು ಕಲಿಸಿದ್ದು ಹೊಸಕೋಟೆ ಬಸ್‌ಸ್ಟ್ಯಾಂಡಿನಲ್ಲಿ ಸಿಗುತ್ತಿದ್ದ, ಮಡಚಿ ಜೇಬಿಗೆ ತುರುಕುವ ಪೇಪರ್‌ಬ್ಯಾಕ್. ಸಗಣಿ ಮೆತ್ತಿದ ಕೈಯನ್ನೂ ಅದು ಬೇಡ ಅನ್ನಲಿಲ್ಲ.

ಹಲಸಿನಹಣ್ಣು

ಊರಿನ ಜಮೀನು ಯಾವುದೋ ಯೋಜನೆಗೆ ಹೋಗುತ್ತದೆ ಎಂದಾಗ ರಸ್ತೆ ಬದಿ ಚಪ್ಪರ ಹಾಕಿ ಧರಣಿ ಕೂತೆವು. ಚಪ್ಪರ ಖಾಲಿಯಾದರೆ ಜಮೀನೂ ಹೋದಂತೆ. ನಾನು ಗಂಟಲು ಹರಿಯುವಂತೆ ಭಾಷಣ ಮಾಡಿದೆ. ಜನ ಒಬ್ಬೊಬ್ಬರೇ ಹಸು ಕರೆಯಬೇಕು ಅಂತ ಎದ್ದು ಹೋದರು. ಉಳಿದ ಕೆಲವರು ನನ್ನ ಜೇಬಿನ ಪತ್ತೇದಾರಿ ಕಾದಂಬರಿಗೆ ಕಿತ್ತಾಡಿದರು.

ಹಾಲಿನ ಡೇರಿಯ ಅಕ್ಕ ಅದನ್ನು ಕಸಿದುಕೊಂಡು, ಬೆನ್ನಿನುದ್ದಕ್ಕೂ ಸೀಳಿ, ಐದಾರು ಭಾಗ ಮಾಡಿ ಹಂಚಿಬಿಟ್ಟಳು. ನಾನು ಬೊಬ್ಬೆ ಹಾಕಿದೆ.

"ಹಲಸಿನಹಣ್ಣು ಇಡೀದಾಗಿ ಒಬ್ನೇ ನುಂಗ್ತೀಯೇನಲಾ?" ಎಂದಳು.

ಮಾರನೇ ದಿನ ಎಲ್ಲರೂ ಹಾಜರ್, ಮುಂದಿನ ಭಾಗಕ್ಕೆ. ಪಕ್ಕದಲ್ಲಿ ಕೂತು ಕಥೆ ಕೇಳಿದವರು ಮನೆಯವರನ್ನೂ ಕರೆತಂದರು.

"ಕೊಂದೋನು ಯಾರ್ಲಾ?"

"ನನ್ ಭಾಗದಲ್ಲಿ ಇನ್ನೂ ಯಾರೂ ಸತ್ತೇ ಇಲ್ಲ ಕಣೋ!"

ನನ್ನ ಭಾಷಣದಿಂದ ಆಗದ್ದನ್ನು ಒಂದು ಹರಕು ಪುಸ್ತಕ ಮಾಡಿತು.

ಎರಡನೇ ಭಾಗ

ಒಂದು ಸಂಜೆ ಜೀಪಿನಲ್ಲಿ ಒಬ್ಬ ಅಧಿಕಾರಿ ಬಂದ. "ನಾಳೆ ನಾನು ಬರೋಷ್ಟರಲ್ಲಿ ಇದೆಲ್ಲ ಖಾಲಿ ಆಗಿರ್ಬೇಕು" ಎಂದು ಗುಡುಗಿ, ಕಾವಲಿಗಿದ್ದ ಪೇದೆಯತ್ತ ತಿರುಗಿದ. ಪೇದೆ ಮೊದಲ ಭಾಗದಲ್ಲಿ ಮುಳುಗಿದ್ದ. "ಏನಯ್ಯಾ ಇದು ಕಸ?" ಎಂದು ಅದನ್ನು ಕಿತ್ತುಕೊಂಡು ಹೋದ.

ಬೆಳಿಗ್ಗೆ ಜೀಪು ಬಂತು. ನಾವು ಒಬ್ಬರ ತೋಳು ಒಬ್ಬರು ಹಿಡಿದು ಕೂತೆವು. ಅಧಿಕಾರಿ ಇಳಿದ. ಕಣ್ಣು ಕೆಂಪಗಿತ್ತು, ನಿದ್ದೆ ಮಾಡಿರಲಿಲ್ಲ. ಅತ್ತಿತ್ತ ನೋಡಿ, ತಗ್ಗಿದ ದನಿಯಲ್ಲಿ ಕೇಳಿದ: "ಎರಡನೇ ಭಾಗ ಯಾರ ಹತ್ರ ಇದೆ?"

ಅಕ್ಕ ಅದನ್ನು ತೊಡೆ ಕೆಳಗೆ ಇಟ್ಟುಕೊಂಡಳು.

"ಚಪ್ಪರದಿಂದ ಆಚೆ ಕೊಡಲ್ಲ ಸಾರ್. ಲೇ, ಚಾಪೆ ಸರಿಸ್ರೋ, ಸಾಹೇಬ್ರು ಧರಣಿ ಕೂತ್ಕೋತಾರೆ."