ಕೊಸರು ಕೊಡದ ಮಡಿಕೆಗೆ ಇಸ್ತ್ರಿಯವಳ ದೂರು

ಆಕಾಶದ ಎರಡು ಅಂಚನ್ನು ಒಂದರ ಮೇಲೊಂದು ಕೂರಿಸಿ, ಸಾವಿರಾರು ವರ್ಷದ ದಾರಿಯನ್ನು ನಾಲ್ಕೇ ಹೆಜ್ಜೆಗೆ ಇಳಿಸಿರುವ ಮಹಾಮಹಿಮ ಸಮತೂಕದ ಮಡಿಕೆಯವರ ಸನ್ನಿಧಾನಕ್ಕೆ,

ಮಾನ್ಯರೇ,

ಇಪ್ಪತ್ತಾರು ವರ್ಷದಿಂದ ಊರವರ ಬಟ್ಟೆಗೆ ಇಸ್ತ್ರಿ ಹಾಕಿ ಬದುಕುತ್ತಿರುವ ನಾನು, ಮಡಿಕೆ ಕೂರಿಸುವ ಕಸುಬಿನಲ್ಲಿ ತಮ್ಮ ಕಿರಿಯ ಸಹೋದ್ಯೋಗಿ ಎಂಬ ಸಲುಗೆಯಿಂದ ಈ ಬಹಿರಂಗ ಪತ್ರ ಬರೆಯುತ್ತಿದ್ದೇನೆ. ತಾವು ಕ್ಷೇಮವಾಗಿರುವಿರೆಂದು ನಂಬಿದ್ದೇನೆ. ತಮ್ಮಂಥವರಿಗೆ ಸೊಂಟನೋವು ಬರುವುದಿಲ್ಲವೆಂದು ವಿಜ್ಞಾನಿಗಳೇ ಹೇಳಿದ್ದಾರೆ.

ತಮ್ಮ ನ್ಯಾಯನಿಷ್ಠೆಯನ್ನು ಹೊಗಳದವರಿಲ್ಲ. ಇಲ್ಲಿಂದ ಒಬ್ಬರು ಆ ನಕ್ಷತ್ರದ ಊರಿಗೆ ಹೋಗಬೇಕಾದರೆ, ಅದೇ ಕ್ಷಣದಲ್ಲಿ ಅಷ್ಟೇ ತೂಕದ ಜೀವ ಅಲ್ಲಿಂದ ಇಲ್ಲಿಗೆ ಹೊರಡಬೇಕು. ಒಂದು ಗ್ರಾಂ ಹೆಚ್ಚುಕಮ್ಮಿಯಾದರೂ ತಾವು ಬಾಯಿ ಬಿಡುವುದಿಲ್ಲ. ಉಸಿರಾಡುವ ತೂಕ ಮಾತ್ರ ತಮ್ಮ ಗಣನೆಗೆ ಬರುತ್ತದೆ. ಮೈಮೇಲಿನ ಬಟ್ಟೆಯನ್ನು ತಾವು ಲೆಕ್ಕಕ್ಕೇ ತೆಗೆದುಕೊಳ್ಳದಿರುವುದು ನನ್ನ ಕಸುಬಿಗೆ ಮಾಡಿದ ಅವಮಾನವಾದರೂ, ಸಹೋದ್ಯೋಗಿಯೆಂದು ನುಂಗಿಕೊಂಡಿದ್ದೇನೆ.

ನುಂಗಲಾಗದ ಸಂಗತಿ ಬೇರೆ ಇದೆ. ನನ್ನ ಅಕ್ಕ ಹನ್ನೆರಡು ವರ್ಷದ ಹಿಂದೆ, ಆ ಊರಿನ ಗಾಜಿನ ಮನೆಯಲ್ಲಿ ಸಸಿ ನೋಡಿಕೊಳ್ಳುವ ಕೆಲಸಕ್ಕೆಂದು ತಮ್ಮ ಮೂಲಕ ಹೋದಳು. ಐದು ವರ್ಷದ ಹಿಂದೆ ಅಮ್ಮ ಆಸ್ಪತ್ರೆಯ ಮಂಚದಲ್ಲಿ ಒಂಬತ್ತು ದಿನ ಬಾಗಿಲನ್ನೇ ನೋಡುತ್ತ ಮಲಗಿದ್ದಳು. ಅಮ್ಮ ತೀರಿಕೊಂಡಳು, ಅಕ್ಕ ಬರಲಿಲ್ಲ. "ಸಮತೂಕ ಸಿಗಲಿಲ್ಲ ಕಣೇ" ಎಂದು ಆಮೇಲೆ ಹೇಳಿಕಳಿಸಿದಳು. "ಮನಸ್ಸಿದ್ದರೆ ಮಾರ್ಗ" ಎಂದು ಒಂದೇ ಸಾಲು ಉತ್ತರ ಕೊಟ್ಟ ನಾನು, ಅಲ್ಲಿಂದೀಚೆಗೆ ಅವಳ ಕಾಗದ ಒಂದನ್ನೂ ಒಡೆಯಲಿಲ್ಲ.

ಸಿಟ್ಟಿಗೂ ವಯಸ್ಸಾಗುತ್ತದೆ ಮಾನ್ಯರೇ. ಈ ವರ್ಷ ನಾನೇ ಹೋಗಿ ಅವಳನ್ನು ಬೈದು ಬರೋಣವೆಂದು ತೀರ್ಮಾನಿಸಿ, ತಮ್ಮ ನಿಲ್ದಾಣದ ಬೆಂಚಿನಲ್ಲಿ ಮೂರು ವಾರ ಕಾದೆ. ನಾಲ್ಕನೆಯ ಸೋಮವಾರ ತೂಕದ ಗುಮಾಸ್ತೆ ಕೈಬೀಸಿ ಕರೆದು, "ಸಿಕ್ತು ಅಮ್ಮ, ಗ್ರಾಮಿಗೆ ಗ್ರಾಂ ಸರಿಯಾಗಿದೆ, ಓಡಿ!" ಎಂದಳು. ಓಡಿದೆ. ಮಧ್ಯದ ಮಬ್ಬಿನಲ್ಲಿ ಯಾರೋ ಹೆಂಗಸು ಎದುರಾಗಿ ಹಾದುಹೋದಳು. "ಸ್ವಲ್ಪ ಸರೀರಿ" ಎಂದು ನಾನೇ ಗದರಿದೆ. ಅಕ್ಕನ ಮನೆ ಹುಡುಕಿ ಬಾಗಿಲು ತಟ್ಟಿದರೆ, ಪಕ್ಕದ ಮನೆಯ ಬಡಗಿ ಕೈಯಲ್ಲಿ ಉಳಿ ಹಿಡಿದುಕೊಂಡೇ ಹೊರಗೆ ಬಂದು, "ಅಯ್ಯೋ, ತಂಗಿಯವರಾ? ನಿಮ್ಮಕ್ಕ ನಿಮ್ಮನ್ನ ನೋಡೋಕೆ ಅಂತಲೇ ಈಗಷ್ಟೇ ಹೋದ್ರಲ್ಲ!" ಎಂದು ಬೀಗದಕೈ ಕೊಟ್ಟರು.

ಎರಡು ಲೋಕಗಳಲ್ಲಿ ನನ್ನ ತೂಕಕ್ಕೆ ಸರಿಸಾಟಿಯಾಗಿ, ನಾನು ಯಾರನ್ನು ನೋಡಲು ಹೊರಟೆನೋ ಅವಳನ್ನೇ ಆರಿಸಿದ ತಮ್ಮ ರಸಿಕತೆಗೆ ನಮಸ್ಕಾರ.

ಆ ಮನೆಯಲ್ಲಿ ಕೂತು ನೀರು ಕುಡಿದೆ. ಪರದೆ ಮುದುಡಿತ್ತು, ಕೈ ಸುಮ್ಮನಿರದೆ ಇಸ್ತ್ರಿಪೆಟ್ಟಿಗೆ ಹುಡುಕುತ್ತ ಮೇಜಿನ ಖಾನೆ ಎಳೆದೆ. ಅಲ್ಲಿ ನಿಲ್ದಾಣದ ತೂಕದ ಚೀಟಿಗಳನ್ನು ಪಿನ್ನು ಚುಚ್ಚಿ ಇಟ್ಟಿದ್ದಳು. ಒಂಬತ್ತು ಚೀಟಿ. ಅಮ್ಮನ ಒಂಬತ್ತು ದಿನದ್ದೂ. ಪ್ರತಿಯೊಂದರ ಮೇಲೂ 'ಸಮತೂಕ ದೊರೆತಿಲ್ಲ' ಎಂಬ ಮೊಹರು. ಮೊದಲ ಚೀಟಿಗೂ ಕೊನೆಯದಕ್ಕೂ ನಡುವೆ ಅವಳ ತೂಕ ಮೂರೂವರೆ ಕೆಜಿ ಇಳಿದಿತ್ತು. ಬರಬೇಕೆಂದು ಊಟ ಬಿಟ್ಟಿದ್ದಳೋ, ಸಂಕಟದಿಂದ ಬಿಟ್ಟಿದ್ದಳೋ, ಚೀಟಿಯಲ್ಲಿ ಬರೆದಿರಲಿಲ್ಲ. ಪರದೆ ಮುದುಡಿದ ಹಾಗೇ ಉಳಿಯಿತು.

ಮರುದಿನ ಅವಳನ್ನು ಹಿಡಿಯಲೆಂದು ನಿಲ್ದಾಣಕ್ಕೆ ಓಡಿದೆ. ನನ್ನನ್ನು ಹಿಡಿಯಲೆಂದು ಅವಳೂ ನಮ್ಮೂರಿನ ನಿಲ್ದಾಣಕ್ಕೆ ಓಡಿದ್ದಳು. ತಾವು ಸಂತೋಷದಿಂದ ಇಬ್ಬರನ್ನೂ ಮತ್ತೆ ಅದಲುಬದಲು ಮಾಡಿದಿರಿ.

ಆಮೇಲೆ ನಾನೊಂದು ಉಪಾಯ ಹೂಡಿದೆ. ತೂಕ ಬದಲಾದರೆ ಬೇರೆಯವರ ಜೊತೆ ಜೋಡಿಯಾಗಬಹುದಲ್ಲ? ಒಂದು ತಿಂಗಳು ಕೈಗೆ ಸಿಕ್ಕಿದ್ದನ್ನೆಲ್ಲ ತಿಂದು ಎರಡು ಕೆಜಿ ಏರಿಸಿಕೊಂಡು ತಕ್ಕಡಿ ಹತ್ತಿದೆ. ಗುಮಾಸ್ತೆ ಆ ಕಡೆಗೆ ವಿಚಾರಿಸಿ, ಮುಖ ಸಪ್ಪಗೆ ಮಾಡಿಕೊಂಡು, "ನಿಮ್ಮಕ್ಕನೂ ತಿಂದಿದ್ದಾರಮ್ಮ" ಎಂದಳು. ಒಂದೇ ತಾಯಿಯ ಮಕ್ಕಳ ಬುದ್ಧಿ ಒಂದೇ ತಕ್ಕಡಿಯಲ್ಲಿ ತೂಗುತ್ತದೆಂದು ತಮ್ಮಿಂದ ತಿಳಿಯಿತು.

ನಮ್ಮನ್ನು ಕಾಪಾಡಿದ್ದು ಪಕ್ಕದಂಗಡಿಯ ಕ್ಷೌರಿಕಣ್ಣ. ಬೀದಿಯ ತುದಿ ದಾಟಿದರೆ ತಲೆ ಸುತ್ತುತ್ತದೆನ್ನುವ ಅವರು, ನನ್ನ ಗೋಳು ಕೇಳಿ ಕೇಳಿ ಸಾಕಾಗಿ, "ಇರು ತಂಗಿ, ನೀನು ಅಂಗಡಿ ಬಿಟ್ಟು ಅಲ್ಲಾಡಬೇಡ, ನಾನೇ ಹೋಗ್ತೀನಿ, ಅವರು ಬರ್ಲಿ" ಎಂದು ಹೊರಟೇಬಿಟ್ಟರು. ಆದರೆ ಅಕ್ಕನ ತೂಕಕ್ಕೆ ಒಂದೂವರೆ ಕೆಜಿ ಕಡಿಮೆ ಬಿತ್ತು. ಕಲ್ಲು ಕಟ್ಟಿದರೆ ತಾವು ಒಪ್ಪುವವರಲ್ಲ. ಆದ್ದರಿಂದ ಕ್ಷೌರಿಕಣ್ಣ ಮನೆಯ ಸಾಕುಕೋಳಿಯನ್ನು ಕಂಕುಳಲ್ಲಿ ಇಟ್ಟುಕೊಂಡರು. ಉಳಿದ ಕೊರತೆಗೆ ಗುಮಾಸ್ತೆ ಲೋಟ ಹಿಡಿದು ಗುಟುಕು ಗುಟುಕಾಗಿ ನೀರು ಕುಡಿಸಿದಳು. ತರಕಾರಿ ಮಾರುವವಳು ಕೂಡ ತೂಗಿದ ಮೇಲೆ ಒಂದು ಹಿಡಿ ಕೊಸರು ಹಾಕುತ್ತಾಳೆ. ನಕ್ಷತ್ರಗಳನ್ನೇ ಮಡಿಸಿಡುವ ತಮಗೆ ಅಷ್ಟೂ ಕೈ ಬಾರದೆ ಮಾನ್ಯರೇ? ಮುಂದೆ ಸಾವಿನ ಮನೆಗೆ ಹೊರಟವರಿಗಾದರೂ ಕೊಸರಿನ ಪದ್ಧತಿ ಜಾರಿಗೆ ತರಬೇಕೆಂದೂ, ಕಣ್ಣೀರನ್ನು ತೂಕದಿಂದ ಕಳೆಯಬೇಕೆಂದೂ ಪ್ರಾರ್ಥಿಸುತ್ತೇನೆ.

ಅಕ್ಕ ಬಂದಳು. ಅಂಗಡಿ ಮೆಟ್ಟಿಲ ಮೇಲೆ ನಿಂತು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, "ಎಷ್ಟು ದಪ್ಪ ಆಗಿದೀಯೇ!" ಎಂದಳು.

"ನಿನ್ನಷ್ಟೇ" ಎಂದೆ. ಆಮೇಲೆ, ಅವಳ ಮುಖ ನೋಡಲಾಗದೆ, "ಆ ಚೀಟಿ ನೋಡಿದೆ ಅಕ್ಕ. ಒಂಬತ್ತೂ ನೋಡಿದೆ" ಎಂದೆ.

ಅವಳು ನನ್ನ ಕೈಯಿಂದ ಇಸ್ತ್ರಿಪೆಟ್ಟಿಗೆ ತೆಗೆದುಕೊಂಡು, ನಾನು ಅರ್ಧಕ್ಕೆ ಬಿಟ್ಟಿದ್ದ ಯಾರದೋ ಅಂಗಿಯ ಕಾಲರನ್ನು ಉಜ್ಜತೊಡಗಿದಳು. ಕಾಲರನ್ನು ಮಗುಚಿ ಹಾಕುತ್ತ, "ಅಮ್ಮ ಏನಾದ್ರೂ ಕೇಳಿದ್ಲಾ?" ಎಂದಳು. "ನೀನು ಊಟ ಮಾಡ್ತಿದೀಯಾ ಅಂತ ಕೇಳಿದ್ಲು" ಎಂದೆ. ಕಾಲರು ಸ್ವಲ್ಪ ಸುಟ್ಟಿತು. ಅಂಗಿಯವರ ಕ್ಷಮೆಯನ್ನು ಈ ಮೂಲಕ ಕೋರುತ್ತೇನೆ.

ಬಗ್ಗಿದ ಬೆನ್ನಿನಿಂದಲೇ ತಮಗೆ ವಂದಿಸುವ,
ತಮ್ಮ ವಿಶ್ವಾಸಿ,
ಮೂಲೆ ಅಂಗಡಿಯ ಇಸ್ತ್ರಿಯವಳು

ವಿ.ಸೂ.: ಆ ಊರಿನಲ್ಲಿ ಕ್ಷೌರದಂಗಡಿಯೇ ಇರಲಿಲ್ಲವಂತೆ, ನಮ್ಮ ಕ್ಷೌರಿಕಣ್ಣನ ಮುಂದೆ ಈಗ ಬೆಳಗಿನಿಂದ ಸಾಲು ನಿಲ್ಲುತ್ತದಂತೆ. ಮೇಲಾಗಿ ಕೋಳಿ ಕಾವಿಗೆ ಕೂತಿದೆ, ಅದನ್ನು ಎಬ್ಬಿಸಲು ಅವರಿಗೆ ಮನಸ್ಸಿಲ್ಲ. ಹಾಗಾಗಿ ಅಕ್ಕ ಹಿಂತಿರುಗಲು ಸದ್ಯಕ್ಕೆ ಸಮತೂಕವಿಲ್ಲ. ನಾನು ಇಸ್ತ್ರಿ ಹಾಕಿದ ಪ್ರತಿ ಅಂಗಿಗೂ ಅವಳು ಕೊಂಕು ತೆಗೆಯುತ್ತಿದ್ದಾಳೆ. ಈ ಒಂದು ಪ್ರಕರಣದಲ್ಲಿ ಮಾತ್ರ ತಾವು ತಮ್ಮ ನಿಯಮವನ್ನು ಅಕ್ಷರಶಃ ಪಾಲಿಸಬೇಕು, ಯಾರು ಬಂದು ಬೇಡಿಕೊಂಡರೂ ಕರಗಬಾರದು.