ಕೆಟ್ಟ ಸುದ್ದಿಗೆ ನಾನೇ ಬೇಕು

ಟಿ.ವಿ.ಯಲ್ಲಿ ಅರ್ಧ ನಿಮಿಷ ಮುಖ ತೋರಿಸಿ ಬಂದವರನ್ನೂ ಜನ ಸುಮ್ಮನೆ ಬಿಡುವುದಿಲ್ಲ. ಐರ್ಲೆಂಡಿನ ಕಿಲ್ಕೆನ್ನಿಯಲ್ಲಿ ನನ್ನ ಗಂಡ ನಿಜವಾದ ಸರ್ಜನ್. ನಾನು ಬ್ರಿಟಿಷ್ ಸೀರಿಯಲ್‌ಗಳಲ್ಲಿ ಸುಳ್ಳು ಡಾಕ್ಟರ್. ದೊಡ್ಡ ನಟರು ಅಳಬೇಕಾದಾಗ ಬಾಗಿಲು ತೆಗೆದು ಬಂದು, "ಕ್ಷಮಿಸಿ, ನಮ್ಮ ಕೈಲಾದದ್ದೆಲ್ಲ ಮಾಡಿದೆವು" ಎಂದು ಹೇಳಿ ಹೋಗುವ ಪಾತ್ರ. ಸೀರಿಯಲ್ ಬದಲಾಗುತ್ತದೆ, ಸಾಯುವವರು ಬದಲಾಗುತ್ತಾರೆ, ನನ್ನ ಮಾತು ಮಾತ್ರ ಅದೇ.

ಗಂಡನ ಟ್ಯೂಷನ್

ಮೊದಲ ಸಲ ಅವಕಾಶ ಸಿಕ್ಕಾಗ ಇವರು ಅಡುಗೆಮನೆಯಲ್ಲೇ ತರಬೇತಿ ಕೊಟ್ಟರು. "ನಿಂತ್ಕೊಂಡು ಹೇಳಬಾರದು ಕಣೆ. ಪಕ್ಕದಲ್ಲಿ ಕೂತ್ಕೋ. ಹೆಸರು ಹಿಡಿದು ಮಾತಾಡ್ಸು. ಆಮೇಲೆ ಸ್ವಲ್ಪ ಹೊತ್ತು ಸುಮ್ನಿರು."

ಶೂಟಿಂಗ್‌ನಲ್ಲಿ ಹಾಗೇ ಮಾಡಿದೆ. ಡೈರೆಕ್ಟರು ಓಡಿ ಬಂದು "ಅದ್ಭುತ!" ಎಂದರು. ನಾನು ಉಬ್ಬಿಹೋದೆ. "ಆದ್ರೆ ನೀವು ಹೇಳಿ ಮುಗಿಸೋಷ್ಟರಲ್ಲಿ ಜಾಹೀರಾತು ಬಂದ್ಬಿಡುತ್ತೆ. ನಿಂತೇ ಹೇಳಿ, ಹೊರಟುಬಿಡಿ."

ಅತ್ತೆಯ ವಿಮರ್ಶೆ

ಮೈಸೂರಿನಲ್ಲಿರುವ ಅತ್ತೆಗೆ ಆ ತುಣುಕನ್ನು ಫೋನಿನಲ್ಲಿ ಕಳಿಸಿದೆ. ಹೊಗಳುತ್ತಾರೆಂದು ಕಾಯುತ್ತಿದ್ದೆ. ಫೋನ್ ಬಂತು.

"ಆ ಹುಡುಗಿ ಪಾಪ ಅಷ್ಟು ಅಳ್ತಿದಾಳೆ, ಒಂದು ಲೋಟ ನೀರು ಕೊಡಬಾರದಿತ್ತೇನೇ?"

"ಅತ್ತೆ, ಸ್ಕ್ರಿಪ್ಟ್‌ನಲ್ಲಿ ಇರಲಿಲ್ಲ."

"ನೀರು ಕೊಡೋಕೂ ಬರೆದುಕೊಡಬೇಕಾ? ನಿಮ್ಮಮ್ಮ ಇದನ್ನೇ ಕಲಿಸಿದ್ದಾ?"

ನಮ್ಮಮ್ಮನಿಗೆ ವಿಷಯ ತಿಳಿಸಿದರೆ, ಅವಳೂ ಅತ್ತೆಯ ಪಕ್ಷವೇ!

ಬದಲಾವಣೆ

ನನಗಿದ್ದದ್ದು ಒಂದೇ ಆಸೆ. ಒಂದೇ ಒಂದು ಸಲ, ಯಾರಾದರೂ ಬದುಕಿದರು ಎಂದು ಹೇಳಬೇಕು. ನನಗೆ ಪಾತ್ರ ಕೊಡಿಸುವ ಏಜೆಂಟ್ ಹತ್ತಿರ ಗೋಗರೆದೆ. "ನಿಮ್ಮ ಮುಖದಲ್ಲಿ ಅಷ್ಟೊಂದು ಕರುಣೆ ಇದೆ. ಬದುಕಿದವರ ಮೇಲೆ ಅದನ್ನ ಯಾಕೆ ವೇಸ್ಟ್ ಮಾಡ್ತೀರಿ?" ಎಂದಳು. ಆದರೂ ತಿಂಗಳೊಪ್ಪತ್ತಿನಲ್ಲಿ ಫೋನ್ ಮಾಡಿ, ಡಾಕ್ಟರ್ ಪಾತ್ರವಲ್ಲ, ಪೊಲೀಸ್ ಅಧಿಕಾರಿ ಎಂದಳು. ಕುಣಿದುಬಿಟ್ಟೆ.

ಹೋಗಿ ನೋಡಿದರೆ ಕೆಲಸ ಅದೇ. ಈ ಸಲ ಮನೆಗೇ ಹೋಗಿ ಬಾಗಿಲು ತಟ್ಟಿ ಹೇಳಬೇಕಿತ್ತು, ಅಷ್ಟೆ.

ವೇಟಿಂಗ್ ರೂಮಿನಲ್ಲಿ

ಒಂದು ದಿನ ಇವರು ಊಟ ಮರೆತು ಹೋದರು. ಚಿತ್ರಾನ್ನದ ಡಬ್ಬಿ ಹಿಡಿದು ಆಸ್ಪತ್ರೆಗೆ ಹೋದೆ. ವೇಟಿಂಗ್ ರೂಮಿನ ಬಾಗಿಲು ತೆಗೆದದ್ದೇ ತಡ, ಒಬ್ಬರು ಐರಿಶ್ ಅಜ್ಜಿ ನನ್ನನ್ನು ನೋಡಿ ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡು, "ಅಯ್ಯೋ ದೇವರೇ, ಇವಳನ್ನೇ ಕಳಿಸಿಬಿಟ್ರಾ!" ಎಂದು ಗೋಳೋ ಎಂದು ಅತ್ತರು. ಅವರ ಗಂಡನಿಗೆ ಒಳಗೆ ಆಪರೇಷನ್ ನಡೆಯುತ್ತಿತ್ತು, ಮಾಡುತ್ತಿದ್ದವರು ನಮ್ಮವರೇ.

"ಅಜ್ಜೀ, ನಾನು ಬರೀ ಟಿ.ವಿ. ಡಾಕ್ಟರು. ಗಂಡನಿಗೆ ಊಟ ತಂದಿದೀನಿ" ಎಂದು ಎಷ್ಟು ಹೇಳಿದರೂ ನನ್ನ ಕೈ ಬಿಡಲಿಲ್ಲ. ನನಗೆ ನಿಜಕ್ಕೂ ಭಯವಾಯಿತು. ಒಳಗೆ ಏನಾದರೂ ಹೆಚ್ಚುಕಡಿಮೆಯಾದರೆ ಈ ಅಜ್ಜಿ ಜನ್ಮಪೂರ್ತಿ ನನ್ನ ಮುಖವನ್ನೇ ನೆನೆಯುತ್ತಾರೆ. ಸೀರಿಯಲ್‌ಗಳಲ್ಲಿ ಎಷ್ಟೋ ಜನರನ್ನು ಮೇಲಕ್ಕೆ ಕಳಿಸಿಕೊಟ್ಟ ನಾನು ಅಂದು ಗೊತ್ತಿದ್ದ ದೇವರಿಗೆಲ್ಲ ಹರಕೆ ಹೊತ್ತೆ.

ಕೊನೆಗೂ ಇವರು ಹೊರಗೆ ಬಂದು, "ಆಪರೇಷನ್ ಚೆನ್ನಾಗಾಯ್ತು. ನಿಮ್ಮವರು ಗ್ರ್ಯಾಂಡ್, ಆರಾಮಾಗಿದಾರೆ" ಎಂದರು.

ಅಜ್ಜಿ ಅತ್ತ ತಿರುಗಿಯೂ ನೋಡಲಿಲ್ಲ. "ನೀನು ಹೇಳು" ಎಂದರು ನನಗೆ.

ಇಷ್ಟು ವರ್ಷ ಕಾದಿದ್ದ ಮಾತು! "ಅಜ್ಜೀ... ಅವರು... ಬದುಕಿ..." ಎನ್ನುವಷ್ಟರಲ್ಲಿ ನನಗೇ ಅಳು ಬಂದು ಮಾತು ಅಲ್ಲಿಗೇ ನಿಂತಿತು.

ಅಜ್ಜಿ ಕಣ್ಣೊರೆಸಿಕೊಂಡು ನನ್ನ ಕೆನ್ನೆ ತಟ್ಟಿದರು. "ಬೇಜಾರು ಮಾಡ್ಕೋಬೇಡ ಮಗಳೇ. ಅವರು ಸತ್ತಿದ್ದಿದ್ರೆ ನೀನು ಎಷ್ಟು ಚೆನ್ನಾಗಿ ಹೇಳಿರ್ತಿದ್ದೆ."