ಸರೋಜಳ ಕುಂಕುಮ, ನಮ್ಮವರ ಅಂಗಿ

ಬೆಳಿಗ್ಗೆ ನಲ್ಲಿ ನೀರು ಹಿಡಿದೆ. ಅಂಗಳ ಗುಡಿಸಿ ರಂಗೋಲಿ ಹಾಕಿದೆ. ಹೆಸರುಕಾಳು ನೆನೆಹಾಕಿದೆ. ಕುಕ್ಕರಿನ ಸಡಿಲಾದ ಹಿಡಿಯ ಸ್ಕ್ರೂ ಬಿಗಿ ಮಾಡಿದೆ. ಮೂರು ದಿನದಿಂದ ಎದೆಯಲ್ಲಿ ಉರಿಯುತ್ತಿದ್ದ ಒಂದು ಅಂಗಿಯನ್ನು ಪಾತ್ರೆ ಮಾರುವ ಗಂಗವ್ವಳಿಗೆ ಕೊಟ್ಟು, ಬದಲಿಗೆ ಬಿಗಿ ಮುಚ್ಚಳದ ಸ್ಟೀಲ್ ಡಬ್ಬಿ ತೆಗೆದುಕೊಂಡೆ. ಆಗ ಎಂಟೂವರೆ ಗಂಟೆ. ಬೆಳಗಿನ ಕೆಲಸಗಳಲ್ಲೆಲ್ಲ ಬಹಳ ತೃಪ್ತಿ ಕೊಟ್ಟದ್ದು ಆ ಕೊನೆಯದೇ.

ನಾನು ಅನುಮಾನದ ಹೆಂಗಸಲ್ಲ. ಕಣ್ಣಿಗೆ ಬಿದ್ದದ್ದನ್ನು ಸುಮ್ಮನೆ ಬಿಡುವುದಿಲ್ಲ, ಅಷ್ಟೇ.

ನಮ್ಮವರಿಗೆ ಕೆ.ಬಿ. ಬಡಾವಣೆಯಲ್ಲಿ ಒಂದು ಕಿರಾಣಿ ಅಂಗಡಿ ಇದೆ. ಅದರ ಜೊತೆಗೆ ಅವರು ಹನ್ನೊಂದು ವರ್ಷದಿಂದ ಸಿನಿಮಾ, ಧಾರಾವಾಹಿಗಳ ನಟರೂ ಹೌದು. ಬೆಂಗಳೂರಿನಿಂದ ಫೋನ್ ಬಂದರೆ ಅಂಗಡಿಗೆ ತಮ್ಮನನ್ನು ಕೂರಿಸಿ ರೈಲು ಹತ್ತುತ್ತಾರೆ. ಇದುವರೆಗೆ ಅವರಾಡಿದ ಅತಿ ಉದ್ದದ ಮಾತು "ಕಾರು ಬಂತು ಸಾರ್". ಹಿಂದೊಮ್ಮೆ ಒಂದು ಪಾತ್ರ ಸಿಕ್ಕಿತೆಂದು ನಾನು ದೇವರಾಜ ಅರಸು ಬಡಾವಣೆಯ ನಮ್ಮ ಸಾಲಿನ ಆರು ಮನೆಯವರನ್ನು ಕರೆದು, ಟೀವಿ ಮುಂದೆ ಕೂರಿಸಿ, ಚುರುಮುರಿ ಹಂಚಿದ್ದೆ. ತೆರೆಯ ಮೇಲೆ ಬಂದದ್ದು ಅವರ ಮೊಣಕೈ. ಅಂದಿನಿಂದ ಅವರು ತಮ್ಮ ಪಾತ್ರಗಳ ಬಗ್ಗೆ ಮನೆಯಲ್ಲಿ ಬಾಯಿ ಬಿಡುವುದಿಲ್ಲ.

ಕಳೆದ ವಾರ ಬೆಂಗಳೂರಿನಿಂದ ಬಂದವರು ಒಂದು ತಿಳಿನೀಲಿ ಅಂಗಿಯನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ಬೀರುವಿನ ಮೇಲೆ, ಹಳೆಯ ಸೂಟ್‌ಕೇಸಿನ ಹಿಂದೆ ಇಟ್ಟರು. ಒಗೆಯಲು ಹಾಕಲಿಲ್ಲ. ಧೂಳು ಹೊಡೆಯುವ ನೆವದಲ್ಲಿ ಬಿಚ್ಚಿ ನೋಡಿದೆ. ಹೆಗಲ ಮೇಲೆ ಕುಂಕುಮ. ನಮ್ಮ ಮನೆಯ ಕುಂಕುಮವಲ್ಲ, ಅದಕ್ಕಿಂತ ಕಡುಕೆಂಪು. ಜೊತೆಗೆ ಯಾವುದೋ ಹೂವಿನೆಣ್ಣೆಯ ವಾಸನೆ. ಮರುದಿನ ಬಚ್ಚಲುಮನೆಯಿಂದ ಅವರ ದನಿ ಕೇಳಿತು.

"ಸರೋಜಾ, ನನ್ನನ್ನ ಕ್ಷಮಿಸಿಬಿಡು. ನಿನಗೆ ಸುಳ್ಳು ಹೇಳಿದೆ. ಮನೇಲಿ ಯಾರಿಗೂ ಹೇಳಬೇಡ. ನಾನು ಹೊರಟೆ."

ನನ್ನ ಹೆಸರು ಗಿರಿಜಾ.

ಇದು ಡೈಲಾಗ್ ಇರಬಹುದೆಂಬ ಯೋಚನೆ ನನಗೆ ಬರಲಿಲ್ಲವೆಂದಲ್ಲ. ಬಂತು. ಎಣಿಸಿದೆ. ನಾಲ್ಕು ಮಾತು. ನಮ್ಮವರಿಗೆ ನಾಲ್ಕು ಮಾತು ಕೊಡುವ ಡೈರೆಕ್ಟರ್ ಈ ಭೂಮಿಯ ಮೇಲಿಲ್ಲ. ಆದ್ದರಿಂದ ಸರೋಜಾ ಇದ್ದಾಳೆ ಎಂದು ಸಾಕ್ಷ್ಯಾಧಾರಗಳ ಸಮೇತ ತೀರ್ಪು ಕೊಟ್ಟೆ. ಎರಡು ದಿನ ಅವರ ರೊಟ್ಟಿಗೆ ಬೆಣ್ಣೆ ಹಚ್ಚಲಿಲ್ಲ. ಮೂರನೆಯ ದಿನ, ಅಂದರೆ ಇವತ್ತು, ಅಂಗಿ ಗಂಗವ್ವಳ ಪಾಲಾಯಿತು.

ಮಧ್ಯಾಹ್ನ ಊಟಕ್ಕೆ ಬಂದವರು ನೇರ ಬೀರುವಿನ ಹತ್ತಿರ ಹೋದರು. ನಾಳೆ ಬೆಳಗಿನ ರೈಲಿಗೆ ಹೊರಡಬೇಕಂತೆ. ಕವರು ಕಾಣಲಿಲ್ಲ. ಆಮೇಲೆ, ತಡೆಯಲಾರದೆ, ಎಲ್ಲ ಹೇಳಿದರು. ಧಾರಾವಾಹಿಯಲ್ಲಿ ಅವರಿಗೆ ಸಾಯುವ ದೃಶ್ಯ ಸಿಕ್ಕಿದೆ. ಸರೋಜಾ ಅವರ ಹೆಂಡತಿಯ ಪಾತ್ರ. ಅವಳು ಹೆಗಲಿಗೆ ಒರಗಿ ಅಳುವ ಅರ್ಧ ತೆಗೆದಾಗಿದೆ. ಇವರು ಮಾತಾಡಿ ಪ್ರಾಣ ಬಿಡುವ ಅರ್ಧ ನಾಳೆ. ಸಣ್ಣ ಕಲಾವಿದರು ತಮ್ಮ ಬಟ್ಟೆ ತಾವೇ ತರಬೇಕಾದ್ದರಿಂದ ಅದೇ ಅಂಗಿ, ಅದೇ ಕಲೆ, ನೀರು ಸೋಕಿಸದೆ ತರಬೇಕು. ಅಂಗಿ ತಪ್ಪಿದರೆ ಆ ಸಾವನ್ನು ಬೇರೆ ಪಾತ್ರಕ್ಕೆ ಕೊಡುತ್ತೇವೆಂದು ಶೂಟಿಂಗ್ ಮ್ಯಾನೇಜರ್ ಹೇಳಿದ್ದಾರೆ.

"ಹನ್ನೊಂದು ವರ್ಷಕ್ಕ ಒಂದು ಸಾವು ಸಿಕ್ಕೈತಿ, ಗಿರಿಜಾ" ಎಂದರು. ಕಣ್ಣು ತುಂಬಿತ್ತು.

ಕವರು ನನ್ನ ಹತ್ತಿರ ಭದ್ರವಾಗಿದೆ, ಸಂಜೆ ಕೊಡುತ್ತೇನೆ ಎಂದೆ. ಅವರು ಅಂಗಡಿಗೆ ಹೋದರು. ನಾನು ಎರಡು ಒಳ್ಳೆಯ ಸೀರೆಗಳನ್ನು ಚೀಲಕ್ಕೆ ತುರುಕಿ ಹರಿಹರದ ಬಸ್ ಹತ್ತಿದೆ.

ಗಂಗವ್ವಳ ಮನೆ ಅಲ್ಲಿ ಹೊಳೆಯ ಕಡೆಯ ಓಣಿಯಲ್ಲಿ. ಅಂಗಿ ಹಗ್ಗದ ಮೇಲಿತ್ತು. ಒಗೆದು, ಹಿಂಡಿ, ಒಣಗಿಸಿ, ಹೊಸದರ ಹಾಗೆ ಮಾಡಿದ್ದಳು. ಕುಂಕುಮದ ಗುರುತೂ ಇಲ್ಲ. ನಮ್ಮ ಮನೆಯಲ್ಲಿ ಯಾವ ಬಟ್ಟೆಯೂ ಇಷ್ಟು ಸ್ವಚ್ಛವಾದದ್ದಿಲ್ಲ. ಮೊದಲು ಅಂಗಿ ಕೈಗೆ ಬರಲೆಂದು ಎರಡು ಸೀರೆಗಳನ್ನೂ ಮುಂದೆ ಹಿಡಿದೆ. ತಪ್ಪಾದದ್ದು ಅಲ್ಲೇ. ಗಂಗವ್ವ ಕಣ್ಣು ಕಿರಿದು ಮಾಡಿದಳು.

"ಒಂದು ಹಳೇ ಅಂಗಿಗೆ ಎರಡು ಸೀರಿ ಕೊಡ್ತೀನಿ ಅಂತೀರಿ. ಏನೈತ್ರಿ ಅಮ್ಮಾರೆ ಇದ್ರಾಗ?"

ಏನೂ ಇಲ್ಲ ಎಂದೆ. ಹಾಗೆ ಹೇಳಿದ್ದೇ ಅವಳಿಗೆ ಖಾತ್ರಿಯಾಯಿತು. ಜೇಬು ತಡವಿದಳು. ಗುಂಡಿಗಳನ್ನು ಕಚ್ಚಿ ನೋಡಿದಳು. ಅಕ್ಕಪಕ್ಕದ ಹೆಂಗಸರು ಬಂದು ಅಂಚು ಹಿಸುಕಿದರು. ಕಾಲರಿನೊಳಗೆ ಬಂಗಾರ ಇಟ್ಟು ಹೊಲಿದಿರುತ್ತಾರೆಂದು ಒಬ್ಬಳು ಹೇಳಿದಳು. ಗಂಗವ್ವ ಒಳಗಿನಿಂದ ಕತ್ತರಿ ತಂದಳು. ಕತ್ತರಿ ಕಂಡದ್ದೇ ನಾನು ಸತ್ಯವನ್ನೆಲ್ಲ ಒದರಿಬಿಟ್ಟೆ.

ಯಾರೂ ನಂಬಲಿಲ್ಲ. ಪುರಾವೆಗೆಂದು ಮೊಬೈಲಿನಲ್ಲಿ ಧಾರಾವಾಹಿಯ ಹಳೆಯ ಕಂತು ಹಾಕಿದೆ.

"ಎಲ್ಲಿ ಅದಾರ‍್ರಿ ನಿಮ್ಮ ಯಜಮಾನ್ರು?"

"ಅಗೋ, ಕಿಟಕಿ ಪಕ್ಕ."

"ಅದು ಪರದಿ ಅಲ್ಲೇನ್ರಿ?"

ಮೂರು ಸಲ ನೋಡಿದರು. ಮೂರನೆಯ ಸಲ ನನಗೂ ಪರದೆಯಂತೆಯೇ ಕಂಡಿತು. ಗಂಗವ್ವ ನಿಟ್ಟುಸಿರು ಬಿಟ್ಟು ಕತ್ತರಿ ಕೆಳಗಿಟ್ಟಳು. "ಒಯ್ಯಿರಿ, ಪಾಪ" ಎಂದಳು. ಸೀರೆಗಳನ್ನು ಮಾತ್ರ ಆಗಲೇ ಒಳಗೆ ಇಟ್ಟಾಗಿತ್ತು.

ಬಸ್ಸಿನಲ್ಲಿ ಉಪಾಯ ಹೊಳೆಯಿತು. ಕುಂಕುಮ ಒಂದು ಹಣೆಯಿಂದ ಬಂದದ್ದು ತಾನೇ, ನನಗೂ ಹಣೆ ಇದೆ. ಮನೆಗೆ ಬಂದು ಅಂಗಿಯನ್ನು ಹ್ಯಾಂಗರಿಗೆ ಹಾಕಿ ಬಾಗಿಲಿಗೆ ತೂಗುಹಾಕಿದೆ. ಹಣೆಗೆ ದಪ್ಪಗೆ ಕುಂಕುಮ ಮೆತ್ತಿಕೊಂಡು, ಅಂಗಿಯ ತೋಳು ಹಿಡಿದು, ಎಡ ಹೆಗಲಿಗೆ ಒರಗಿದೆ. ಸಹಜವಾಗಿ ಬರಲೆಂದು ಸ್ವಲ್ಪ ಬಿಕ್ಕಿದೆ ಕೂಡ.

ಹಿಂದೆ ಯಾರೋ ಕೆಮ್ಮಿದರು. ನಮ್ಮವರು ಬೇಗ ಬಂದಿದ್ದರು. ನನ್ನನ್ನು, ಅಂಗಿಯನ್ನು, ಮತ್ತೆ ನನ್ನನ್ನು ನೋಡಿದರು.

ಎಲ್ಲವನ್ನೂ ಒಪ್ಪಿಕೊಂಡೆ. ಕೊನೆಯವರೆಗೆ ಕೇಳಿ ಅವರು ಹೇಳಿದ್ದು ಒಂದೇ ಮಾತು: "ಬಲ ಹೆಗಲು."

ಬಲಕ್ಕೆ ಇರಬೇಕಾದ ಕಲೆ ಈಗ ಎಡಕ್ಕೆ ಕೂತಿತ್ತು. ಉಜ್ಜಿದರೆ ಹರಡಿತು. ಬೇರೆ ದಾರಿಯಿಲ್ಲದೆ ಅವರು ಅಂಗಿಯ ಫೋಟೋ ಕಳಿಸಿ ಮ್ಯಾನೇಜರನಿಗೆ ಫೋನ್ ಮಾಡಿದರು. ನಾನು ದೇವರ ಕೋಣೆಯ ಬಾಗಿಲು ಹಿಡಿದು ನಿಂತೆ. ಆ ಕಡೆಯವರು ತಣ್ಣಗೆ, ಬನ್ನಿ ಸಾರ್, ಹೆಗಲಿಗೆ ಶಾಲು ಹೊದಿಸುತ್ತೇವೆ, ಏನೂ ಕಾಣುವುದಿಲ್ಲ ಎಂದರಂತೆ.

ಸಾವು ಉಳಿಯಿತು.

ನಮ್ಮವರು ಕುರ್ಚಿಯಲ್ಲಿ ಕೂತರು. ಆಮೇಲೆ ಕೇಳಿದರು: "ನಾ ಇನ್ನೊಬ್ಬಾಕಿ ಹಿಂದ ಹೋದೆ ಅಂತ ನಂಬಿದಿ. ನನಗ ನಾಲ್ಕು ಮಾತು ಸಿಕ್ಕಾವು ಅಂತ ನಂಬಾಕ ಆಗಲಿಲ್ಲೇನು?"

ರೊಟ್ಟಿ ಬಡಿಯಲು ಒಳಗೆ ಹೋದೆ.

ರಾತ್ರಿ ಜೋಳದ ರೊಟ್ಟಿ, ಹೆಸರುಕಾಳಿನ ಪಲ್ಯ, ಶೇಂಗಾ ಚಟ್ನಿ, ಮೊಸರು. ಬೆಣ್ಣೆ ಎರಡು ಪಟ್ಟು ಹಚ್ಚಿದೆ. ನಸುಕಿಗೇ ಏಳಬೇಕೆಂದು ಒಂಬತ್ತಕ್ಕೆಲ್ಲ ಮಲಗಿದೆವು. ಮೊದಲು ನಿದ್ದೆ ಹೋದವರು ಅವರು. ಗೊರಕೆ ಶುರುವಾಯಿತು. ನನ್ನ ಜೊತೆ ಮಾತಾಡುವುದನ್ನು ತಪ್ಪಿಸಲು ನಿದ್ದೆಯ ನಟನೆ ಮಾಡುತ್ತಿದ್ದಾರೋ ಎಂದು ಅನುಮಾನ ಬಂತು. ಕಿವಿಗೊಟ್ಟು ಕೇಳಿದೆ. ಇಷ್ಟು ಚೆನ್ನಾಗಿ ನಟಿಸಲು ಇವರಿಗೆ ಎಲ್ಲಿ ಬರುತ್ತದೆ, ಇದು ನಿಜವಾದ ನಿದ್ದೆಯೇ ಎಂದು ಸಮಾಧಾನಪಟ್ಟುಕೊಂಡು ಮಗ್ಗುಲಾದೆ.

ಆಮೇಲೆ ನಾಲಿಗೆ ಕಚ್ಚಿಕೊಂಡೆ.